ಸೋಣ ತಿಂಗಳ ಚೆನ್ನೆಯಾಟ

“ಅಯ್ಯೋ ತಮ್ಮಾ, ಮಣೆ ಇಳಿಸಬೇಡ!”

ರಾಜೀವಿಯ ಕೂಗಿಗೆ ಸಿದ್ದಲಿಂಗಪ್ಪನವರ ಕೈ ಅಟ್ಟದ ಅಂಚಿನಲ್ಲಿಯೇ ನಿಂತುಹೋಯಿತು. ಬಟ್ಟೆಯಲ್ಲಿ ಸುತ್ತಿ, ದಾರ ಬಿಗಿದು, ಅಕ್ಕಿಡಬ್ಬಿಯ ಹಿಂದೆ ಕವುಚಿ ಇಟ್ಟಿದ್ದ, ಎರಡು ಸಾಲು ಕುಳಿಗಳ ಚೆನ್ನೆಮಣೆಯ ಒಂದು ತುದಿ ಆಗಲೇ ಅವರ ಬೆರಳಿಗೆ ಸಿಕ್ಕಿತ್ತು.

“ಯಾಕ್ರಿ ಅಕ್ಕಾರ?”

“ಯಾಕೆ ಅಂದ್ರೆ... ಭಾರ ಉಂಟು ಅದು. ಹಲಸಿನ ಮರದ್ದು. ನಿನ್ನ ತಲೆ ಮೇಲೆ ಬಿದ್ರೆ ಧಾರವಾಡದವರಿಗೆ ನಾನು ಎಂತ ಉತ್ತರ ಕೊಡ್ಲಿ?”

ಆಕೆ ನಗಲು ನೋಡಿದಳು. ನಗು ತುಟಿಯವರೆಗೆ ಬಂದು ಹಿಂದಿರುಗಿತು.

ಮಾಟುಂಗ ಸ್ಟೇಷನ್ನಿನ ಮಗ್ಗುಲಲ್ಲಿದ್ದ ಆ ಚಾಳಿನ ಹಿಂದಿನ ಮೆಟ್ಟಿಲ ಬುಡದಲ್ಲಿ, ಬಾಡಿಗೆ ವಸೂಲಿಯ ಅಣ್ಣು ತಲೆಯೊಡೆದು ಬಿದ್ದಿದ್ದುದು ಹಿಂದಿನ ಶುಕ್ರವಾರ ಸಾಯಂಕಾಲ. ಅಂದಿನಿಂದ ಅವನು ಆಸ್ಪತ್ರೆಯಲ್ಲಿ ಕಣ್ಣು ತೆರೆದಿರಲಿಲ್ಲ. ಅದೇ ದಿನ ಬೆಳಿಗ್ಗೆ ಚಾಳಿನ ಕೆಳಗಿನ ಹೋಟೆಲಿನ ಗಿರಾಕಿಗಳೆಲ್ಲರ ಮುಂದೆ ಅವನ ಕೊರಳಪಟ್ಟಿ ಹಿಡಿದಿದ್ದವನು ಅಡುಗೆಯ ಶೇಖರ. ರಾಜೀವಿಯ ಕೋಣೆಯನ್ನು ಖಾಲಿ ಮಾಡಿಸುತ್ತೇನೆಂದು ಅಣ್ಣು ಬೆದರಿಸಿದ್ದೇ ಆ ಜಗಳದ ಮೂಲ.

ಶೇಖರನಿಗೂ ಲಾಕಪ್ಪಿಗೂ ನಡುವೆ ಈಗ ಉಳಿದಿದ್ದುದು ಒಂದೇ ಒಂದು ಆಟ. ಅಣ್ಣು ಬಿದ್ದ ಹೊತ್ತಿನಲ್ಲಿ ಶೇಖರನು ಇದೇ ಕೋಣೆಯಲ್ಲಿ ರಾಜೀವಿಯ ಎದುರು ಕುಳಿತು ಚೆನ್ನೆಯಾಡುತ್ತಿದ್ದನೆಂದು ನೆರೆಮನೆಯ ಮಲ್ಲವ್ವ ಹೇಳಿದ್ದಳು; ರಾಜೀವಿ ಹೌದೆಂದಿದ್ದಳು; ಶೇಖರನೂ ತಲೆಯಾಡಿಸಿದ್ದನು. ಇನ್ಸ್‌ಪೆಕ್ಟರರಿಗೆ ಅಷ್ಟು ಸಾಲದಾಗಿತ್ತು. ಕನ್ನಡ ಬಲ್ಲವರೊಬ್ಬರು ಈ ಮಾತನ್ನು ಒರೆಗೆ ಹಚ್ಚಲಿ ಎಂದು, ಪೋಲೀಸು ಸೇವೆಯಿಂದ ನಿವೃತ್ತರಾಗಿ ಗೋರೆಗಾಂವಿನಲ್ಲಿ ನೆಮ್ಮದಿಯಾಗಿದ್ದ ಸಿದ್ದಲಿಂಗಪ್ಪನವರಿಗೆ ಅವರು ಹೇಳಿಕಳುಹಿಸಿದ್ದರು. ಸಂಜೆಯಾಗುವುದರೊಳಗೆ ಇನ್ಸ್‌ಪೆಕ್ಟರರು ಶೇಖರನನ್ನು ಕರೆದುಕೊಂಡು ಇಲ್ಲಿಗೆ ಬರುವವರಿದ್ದರು. ಮಾತು ನಿಂತರೆ ಅವನನ್ನು ಬಿಡುವರು; ಬಿದ್ದರೆ ಒಯ್ಯುವರು.

ಸಿದ್ದಲಿಂಗಪ್ಪನವರು ಕೈಯನ್ನು ಹಿಂದೆಗೆದು ಚಾಪೆಯ ಮೇಲೆ ಕುಳಿತರು.

“ನೀವೂ ಶೇಖರನೂ ಆಡಿದ್ದ ಇದ ಮಣಿ ಹೌದಲ್ರಿ?”

“ಹೌದಲ್ಲ. ಮತ್ತೆ ಎಷ್ಟು ಮಣೆ ಉಂಟು ನನ್ನ ಹತ್ರ? ನಾನೇನು ಮಣೆಯ ಅಂಗಡಿ ಇಟ್ಟಿದ್ದೇನಾ?”

“ಹಂಗಾದ್ರ ನನ್ನ ಜೋಡಿ ಒಂದ ಆಟ ಆಡ್ರಿ. ಇನ್ಸ್‌ಪೆಕ್ಟರ್ ಬರೂತನಕ ಹೊತ್ತು ಹೋಗಬೇಕಲ್ಲ.”

“ನನ್ನ ಮೊಣಕಾಲು ಮಡಚುದಿಲ್ಲ ತಮ್ಮ.”

“ಶುಕ್ರವಾರ ಮಡಚಿತ್ತಲ್ರಿ?”

“ಶುಕ್ರವಾರ ಮಡಚಿದ್ದಕ್ಕೇ ಇವತ್ತು ನೋವು! ಮತ್ತೆ ಕಾಯಿ ಕೂಡ ಸರಿ ಇಲ್ಲ. ಅರ್ಧ ಕಳೆದುಹೋಗಿದೆ.”

ಸಿದ್ದಲಿಂಗಪ್ಪನವರು ಎದ್ದು ಕೈಚಾಚಿ ಅಟ್ಟದ ಮೇಲಿನ ಗಂಟನ್ನು ಬೆರಳಿನಿಂದ ತಟ್ಟಿದರು. ಒಳಗೆ ಮಂಜೊಟ್ಟಿಯ ಕೆಂಪು ಕಾಳುಗಳು ತುಂಬುಸಂಸಾರದ ಮಕ್ಕಳಂತೆ ಗಲಗಲನೆ ಸದ್ದುಮಾಡಿದವು. ತಟ್ಟಿದ ಬೆರಳಿಗೆ ಧೂಳು ಹತ್ತಿತ್ತು. ದಾರದ ಗಂಟಿನ ಮೇಲೆ, ಬಟ್ಟೆಯ ಮಡಿಕೆಗಳಲ್ಲಿ, ಎಲ್ಲೆಡೆಯೂ ಒಂದೇ ಸಮನೆ ಕುಳಿತ ಧೂಳು.

ಅವರು ಆ ಬೆರಳನ್ನು ಒರೆಸಿಕೊಳ್ಳದೆ ಮತ್ತೆ ಕುಳಿತರು. ಅದರ ಮಾತನ್ನೂ ಎತ್ತಲಿಲ್ಲ. ಬೇರೆ ಯಾರ ಮನೆಯಾಗಿದ್ದರೂ ಎತ್ತುತ್ತಿದ್ದರು.

ಈ ಮನೆಯ ಋಣ ಬೇರೆಯೇ ತೆರನಾದುದು. ಧಾರವಾಡದಿಂದ ಮುಂಬಯಿಗೆ ಬಂದು ಪೋಲೀಸು ಪೇದೆಯಾಗಿ ಸೇರಿದ ಹೊಸತರಲ್ಲಿ ಅವರಿಗೆ ವಿಷಮಜ್ವರ ಹತ್ತಿತ್ತು. ಜೊತೆಯವರು ಅಂಟುಜಾಡ್ಯವೆಂದು ದೂರ ಸರಿದಿದ್ದರು. ಕೆಳಗಿನ ಮಾಳಿಗೆಯಲ್ಲಿ ಗಂಡನೊಡನೆ ಊಟದ ಮೆಸ್ಸು ನಡೆಸುತ್ತಿದ್ದ ಈ ರಾಜೀವಿ, ಹೆಸರನ್ನೂ ಜಾತಿಯನ್ನೂ ಕೇಳದೆ, ದಿನವೂ ಗಂಜಿಯ ತಿಳಿ ಬಸಿದು ತಂದು ಬಾಯಿಗೆ ಹನಿಸಿ ಬದುಕಿಸಿದ್ದಳು. ಎದ್ದು ಓಡಾಡುವಂತಾದ ಮೇಲೆ ಆ ಹುಡುಗ ಆಕೆಯ ಕಾಲಿಗೆರಗಿದಾಗ, “ಕಾಲು ಬಿಡು ಮಾರಾಯ, ಒಲೆಯ ಮೇಲೆ ಸಾರು ಉಕ್ಕಿತು” ಎಂದು ಒಳಗೆ ಓಡಿದ್ದಳು. ಧನ್ಯವಾದವನ್ನು ನಿಂತು ಸ್ವೀಕರಿಸುವಷ್ಟು ಬಿಡುವು ಆಕೆಗೆ ಎಂದೂ ಇದ್ದಿಲ್ಲ. ಆದುದರಿಂದಲೇ ಅದು ಇವರ ಎದೆಯಲ್ಲಿ ಹಾಗೆಯೇ ಉಳಿದು ಬೆಳೆದಿತ್ತು.

ಈಗ ಆಕೆ ಪತ್ರೊಡೆಯ ತಟ್ಟೆಯನ್ನು ಅವರ ಮುಂದೆ ಸರಿಸಿದಳು.

“ತಿನ್ನು. ಪೋಲೀಸರ ಹಾಗೆ ನೋಡಬೇಡ.”

ಕೆಸುವಿನೆಲೆಯ ಘಮಕ್ಕೆ ಸಿದ್ದಲಿಂಗಪ್ಪನವರ ಮನಸ್ಸು ಒಂದು ಕ್ಷಣ ಸಡಿಲಾಯಿತು. ಒಂದು ತುಂಡು ಬಾಯಿಗಿಟ್ಟುಕೊಂಡರು. ಮಾತು ತಾನಾಗಿ ಊರಿನ ಕಡೆಗೆ ಹೊರಳಿತು.

“ನಮ್ಮವ್ವನೂ ಭಾರಿ ಆಡತಿದ್ಲರಿ ಅಕ್ಕಾರ. ನಾವು ಗುಳಿಮನಿ ಅಂತೀವಿ. ಶ್ರಾವಣ ಬಂತಂದ್ರ ಸಾಕು, ಪಂಚಮಿ ಉಂಡಿ ಕಟ್ಟಿದ ಕೈಲೇ ಹರಳು ಹಿಡೀತಿದ್ರು. ಓಣಿ ತುಂಬ ಅದ ಸಪ್ಪಳ.”

“ಶ್ರಾವಣದಲ್ಲಿಯಾ?” ರಾಜೀವಿ ಹುಬ್ಬೇರಿಸಿದಳು. ಆ ಮುಖದಲ್ಲಿ ಈಗ ಕಪಟವಿರಲಿಲ್ಲ. ಪರನಾಡಿನವರ ಅಜ್ಞಾನಕ್ಕೆ ಮರುಗುವ ಗೃಹಿಣಿಯ ಕನಿಕರವಿತ್ತು. “ದೇವರೇ! ನಿಮ್ಮಲ್ಲಿ ಹೇಳುವವರು ಕೇಳುವವರು ಯಾರೂ ಇಲ್ಲವಾ? ನಮ್ಮಲ್ಲಿ ಚೆನ್ನೆ ಅಂದ್ರೆ ಆಟಿ ತಿಂಗಳಲ್ಲಿ ಮಾತ್ರ. ಆಟಿ ಮುಗಿದು ನಿಮ್ಮ ಶ್ರಾವಣದ ಹೊತ್ತಿಗೆ ಸೋಣ ಹುಟ್ಟಿತೋ, ಮಣೆ ಕವುಚಿ ಇಡುವುದೇ. ಮತ್ತೆ ಮುಟ್ಟುವ ಹಾಗೇ ಇಲ್ಲ. ಮುಟ್ಟಿದ್ರೆ ಮನೆಗೆ ಕೇಡು ಅಂತ ನನ್ನ ಅಜ್ಜಿ...”

ಮಾತು ಅಲ್ಲಿಯೇ ತುಂಡಾಯಿತು.

ಕೆಳಗೆ ಲೋಕಲ್ ಗಾಡಿಯೊಂದು ಹಾದುಹೋಯಿತು. ಗೋಡೆಯ ಮೇಲಿನ ಪಾತ್ರೆಗಳು ಸಣ್ಣಗೆ ನಡುಗಿ ಸುಮ್ಮನಾದವು.

ಹಿಂದಿನ ಶುಕ್ರವಾರಕ್ಕಿಂತ ಮೊದಲೇ ಸೋಣ ಹುಟ್ಟಿತ್ತು.

“ಅಕ್ಕಾರ,” ಎಂದು ಸಿದ್ದಲಿಂಗಪ್ಪನವರು ಬಹಳ ಮೆಲ್ಲಗೆ ಹೇಳಿದರು, “ಅವತ್ತ ಈ ಮನ್ಯಾಗ ಆಟ ನಡದಿಲ್ಲ.”

ರಾಜೀವಿ ಸೆರಗಿನ ತುದಿಯಿಂದ ಚಾಪೆಯ ಮೇಲಿಲ್ಲದ ನೀರನ್ನು ಒರೆಸಿದಳು.

“ನಡೆದಿಲ್ಲ,” ಎಂದಳು.

“ಶೇಖರ ಇಲ್ಲಿ ಇರಲಿಲ್ಲ.”

“ಇರಲಿಲ್ಲ. ಕಾಲು ನೋವು ಅಂತ ನಾನು ಬಾಗಿಲು ಮುಚ್ಚಿ ಮಲಗಿದ್ದೆ. ಯಾರೂ ಬರಲಿಲ್ಲ.”

“ಅಂವಾ ಎಲ್ಲಿದ್ದ ಅಂತ ನಿಮಗ ಗೊತ್ತದ ಏನು?”

“ನನಗೆ ಗೊತ್ತಿಲ್ಲ. ನಾನು ಕೇಳಲೂ ಇಲ್ಲ.” ಆಕೆ ತಲೆಯೆತ್ತಿದಳು. “ಹಡಗು ಸಿಡಿದು ಬಂದರಕ್ಕೆ ಬೆಂಕಿ ಬಿದ್ದ ದಿನ ನೆನಪುಂಟಲ್ಲ ನಿನಗೆ? ನನ್ನ ಗಂಡ ಅಲ್ಲಿಗೆ ಬುತ್ತಿ ಕೊಡ್ಲಿಕ್ಕೆ ಹೋಗಿದ್ದವರು. ಎಷ್ಟೋ ಹೆಂಗಸರಿಗೆ ಗಂಡನ ಒಂದು ಅಂಗಿ ಕೂಡ ಸಿಗಲಿಲ್ಲ. ನನಗೆ ಅವರ ಮುಖ ನೋಡ್ಲಿಕ್ಕೆ ಸಿಕ್ಕಿತು. ಬಾಯಿಗೆ ನೀರು ಬಿಡ್ಲಿಕ್ಕೆ ಸಿಕ್ಕಿತು. ಯಾಕೆ ಸಿಕ್ಕಿತು? ಈ ಶೇಖರ ಅವರನ್ನು ಹೆಗಲ ಮೇಲೆ ಹಾಕಿಕೊಂಡು ಬೆಂಕಿಯ ನಡುವಿನಿಂದ ತಂದ. ಅವನ ಬೆನ್ನು ನೋಡಿದ್ದೀಯಾ ನೀನು? ಇವತ್ತಿಗೂ ಅಂಗಿ ಬಿಚ್ಚಿ ಒಲೆ ಮುಂದೆ ನಿಲ್ಲುದಿಲ್ಲ ಅವನು.”

ಸಿದ್ದಲಿಂಗಪ್ಪನವರು ತಟ್ಟೆಯಿಂದ ಇನ್ನೊಂದು ತುಂಡನ್ನು ಎತ್ತಿಕೊಂಡು ಅದನ್ನೇ ನೋಡಿದರು.

“ಸತ್ತುಹೋಗುವವರನ್ನು ಹಾಗೆ ಹೊತ್ತು ತಂದವನು ಬದುಕಿದವರನ್ನು ತಳ್ಳುತ್ತಾನಾ? ನೀನೇ ಹೇಳು.”

“ತಳ್ಳಿಲ್ಲ ಅಂತ ನಾನೂ ನಂಬೀನ್ರಿ. ನಂಬಿಕಿ ಕೋರ್ಟಿನ್ಯಾಗ ನಿಲ್ಲೂದಿಲ್ಲ. ಸುಳ್ಳ ಅಂತೂ ಮೊದಲ ನಿಲ್ಲೂದಿಲ್ಲ. ನನ್ನಂಥ ಘಟ್ಟದ ಮ್ಯಾಲಿನಂವಗ ತಿಳೀಲಿಲ್ಲ, ಖರೆ. ನಾಳೆ ಮಂಗಳೂರು ಕಡೆಯ ವಕೀಲ ಒಬ್ಬ ಎದ್ದು ನಿಂತು, ಸೋಣದಾಗ ಚೆನ್ನಿ ಆಡಿದ್ರೇನಮ್ಮಾ ಅಂತ ಕೇಳಿದ್ರ?”

“ಕೇಳಿದ್ರೆ ನಗುತ್ತಾರೆ,” ಎಂದಳು ರಾಜೀವಿ. “ನಮ್ಮ ಕಡೆಯವರೆಲ್ಲ ನಗುತ್ತಾರೆ.”

ಆ ಮಾತು ಸಿದ್ದಲಿಂಗಪ್ಪನವರನ್ನು ತಟ್ಟನೆ ಎಚ್ಚರಿಸಿತು. ಪತ್ರೊಡೆಯ ತುಂಡು ಕೈಯಲ್ಲಿಯೇ ಉಳಿಯಿತು.

ಕರಾವಳಿಯ ಹೆಂಗಸು ಸುಳ್ಳು ಹೇಳಬೇಕಾದರೆ ಹೇಳುವಳು. ಆದರೆ ತನ್ನವರೆಲ್ಲರೂ ಕೇಳಿ ನಗುವಂಥ ಸುಳ್ಳನ್ನು ಕಟ್ಟುವಳೇ? ಹಪ್ಪಳ ಲಟ್ಟಿಸುತ್ತಿದ್ದೆವೆನ್ನಬಹುದು, ಭಜನೆ ಹೇಳುತ್ತಿದ್ದೆವೆನ್ನಬಹುದು. ಸೋಣ ತಿಂಗಳಲ್ಲಿ ಚೆನ್ನೆಮಣೆ ಇಳಿಸಿದೆವೆಂಬ ಮಾತು ಆಕೆಯ ನಾಲಗೆಗೆ ಮೊದಲಾಗಿ ಬರುವುದು ಸಾಧ್ಯವಿಲ್ಲ. ಈ ಸುಳ್ಳು ಹುಟ್ಟಿದ ನಾಡು ಬೇರೆ. ಶ್ರಾವಣವೆಂದರೆ ಗುಳಿಮನೆಯೆಂದು ತಿಳಿದವರ ಮನೆಯಲ್ಲಿ ಅದು ಹುಟ್ಟಿದೆ. ತಮ್ಮ ಕಿವಿಗೆ ಅದು ಅಷ್ಟು ಸಹಜವಾಗಿ ಕೇಳಿಸಿದ್ದಕ್ಕೂ ಅದೇ ಕಾರಣ. ತಾವೂ ಅದೇ ನಾಡಿನವರು.

“ಆಟದ ಮಾತ ಮೊದಲ ಯಾರು ಎತ್ತಿದ್ರು, ಅಕ್ಕಾರ?”

“ನಾನಲ್ಲ. ನಾನು ಬಾಯಿ ತೆರೆಯುವ ಮೊದಲೇ ಮಲ್ಲವ್ವ ಹೇಳಿಬಿಟ್ಟಳು, ಇನ್ಸ್‌ಪೆಕ್ಟರರ ಮುಂದೆ. ಇಬ್ಬರೂ ಒಳಗೆ ಕೂತು ಆಡ್ತಿದ್ರು, ನಾನು ನನ್ನ ಬಾಗಿಲಲ್ಲಿ ಕೂತು ಕಾಯಿಯ ಸದ್ದು ಕೇಳ್ತಿದ್ದೆ ಅಂತ. ದೇವರೇ ಅವಳ ಬಾಯಲ್ಲಿ ಬಂದು ಶೇಖರನನ್ನು ಕಾಪಾಡಿದ ಅಂತ ನಾನು ತಿಳಿದೆ. ತಲೆ ಅಲ್ಲಾಡಿಸಿದೆ. ಶೇಖರ ನನ್ನ ಮುಖ ನೋಡಿದ, ಅವನೂ ಅಲ್ಲಾಡಿಸಿದ.”

“ಮಲ್ಲವ್ವಗ ಶೇಖರನ ಮ್ಯಾಲೆ ಅಷ್ಟು ಅಭಿಮಾನ ಏನ್ರಿ?”

“ಅಭಿಮಾನವಾ? ಅವನ ಒಲೆಯ ಹೊಗೆ ಇವಳ ಕೋಣೆಗೆ ಬರ್ತದೆ ಅಂತ ದಿನಾ ಜಗಳ!”

ಹೇಳಿ ಮುಗಿಸಿದ ಮೇಲೆ ಆಕೆಗೇ ಆ ಮಾತು ವಿಚಿತ್ರವಾಗಿ ತೋರಿತು. ಇಬ್ಬರೂ ಒಬ್ಬರ ಮುಖವನ್ನೊಬ್ಬರು ನೋಡಿದರು.

“ಆಕೀನ್ನ ಚಹಾಕ್ಕ ಕರೀರಿ,” ಎಂದರು ಸಿದ್ದಲಿಂಗಪ್ಪನವರು.

ಮಲ್ಲವ್ವ ಬಂದಳು. ಬಿಜಾಪುರದ ಕಡೆಯ ಗಟ್ಟಿಮುಟ್ಟಾದ ಹೆಂಗಸು; ಗಂಡ ಬಟ್ಟೆಯ ಗಿರಣಿಯಲ್ಲಿ ಪಾಳಿಯ ಕೆಲಸದವನು. ಹಣೆಯ ತುಂಬ ಕುಂಕುಮ, ಬಾಯಿತುಂಬ ಮಾತು. ಬಾಗಿಲಲ್ಲಿಯೇ ನಿಂತು ಸೊಂಟದ ಮೇಲೆ ಕೈಯಿಟ್ಟಳು.

“ಏನ್ರಿ ಸಾಹೇಬ್ರ, ಅಕ್ಕನ ಪತ್ರೊಡಿ ಒಬ್ರ ತಿನ್ನಾಕ ಹತ್ತೀರಿ? ಧಾರವಾಡದವ್ರ ಬುದ್ಧಿನ ಅದು. ಪೇಢೆನೂ ಹಂಚೂದಿಲ್ಲ.”

“ಕುಂದರ್ರಿ ತಂಗಿ. ಪತ್ರೊಡಿ ಐತಿ. ಬಿಜಾಪುರದವ್ರ ಹೊಟ್ಟಿಗೆ ಸಾಲತದೋ ಇಲ್ಲೋ ಗೊತ್ತಿಲ್ಲ.”

ಮಲ್ಲವ್ವ ನಕ್ಕು ಕುಳಿತಳು. ಮನೆಮಾತು ಕಿವಿಗೆ ಬಿದ್ದುದೇ ಆಕೆಗೆ ಹಬ್ಬವಾಗಿತ್ತು. ಸಿದ್ದಲಿಂಗಪ್ಪನವರು ಊರಿನ ಮಳೆಯ ಮಾತೆತ್ತಿ, ಪಂಚಮಿಯ ಜೋಕಾಲಿಯ ಮೇಲೆ ಹಾದು, ಗುಳಿಮನೆಗೆ ಬಂದು ನಿಂತರು.

“ಶ್ರಾವಣದಾಗ ಗುಳಿಮನಿ ಆಡೂ ರೂಢಿ ಇಲ್ಲೂ ಅದ ಅಂತ ಕೇಳಿ ನನಗ ಭಾಳ ಸಂತೋಷ ಆತು.”

“ಮತ್ತ ಶ್ರಾವಣದಾಗ ಆಡದ ಮಾರ್ನಮಿಗೆ ಆಡ್ತಾರೇನ್ರಿ?” ಎಂದಳು ಮಲ್ಲವ್ವ. “ಎಲ್ಲಾ ಕಡೆ ಅದ ರೂಢಿ.”

“ಎಲ್ಲಾ ಕಡೆ ಅಲ್ಲ, ಮಲ್ಲವ್ವ,” ಎಂದಳು ರಾಜೀವಿ.

ಆ ದನಿಗೆ ಮಲ್ಲವ್ವ ಕತ್ತು ತಿರುಗಿಸಿದಳು.

“ನಮ್ಮಲ್ಲಿ ಈ ತಿಂಗಳು ಮಣೆ ಮುಟ್ಟುದಿಲ್ಲ. ಶುಕ್ರವಾರ ನಾನು ಮುಟ್ಟಲಿಲ್ಲ. ನಿನಗೆ ಕೇಳಿದ ಸದ್ದು ಯಾವುದೋ ನನಗೆ ಗೊತ್ತಿಲ್ಲ. ತಮ್ಮನಿಗೆ ಎಲ್ಲ ಗೊತ್ತಾಯ್ತು.”

ಮಲ್ಲವ್ವನ ಕೈ ತಟ್ಟೆಯ ಮೇಲೆಯೇ ನಿಂತಿತು. ಮುಖದಲ್ಲಿದ್ದ ಹಬ್ಬ ಒಮ್ಮೆಲೇ ಇಳಿದುಹೋಯಿತು.

“ಹೆದರಬೇಡ,” ಎಂದು ರಾಜೀವಿ ಆಕೆಯ ಮೊಣಕೈ ಹಿಡಿದಳು. “ನಿನಗೆ ಕೋಟಿ ನಮಸ್ಕಾರ ಹೇಳ್ಬೇಕು ಅಂತ ಇದ್ದೆ ನಾನು. ಶೇಖರನಿಗಾಗಿ ನೀನು ಅಷ್ಟು ದೊಡ್ಡ ಸುಳ್ಳು ಹೇಳಿದೆಯಲ್ಲ...”

“ಶೇಖರಗ?” ಮಲ್ಲವ್ವ ಬೆಚ್ಚಿದವಳಂತೆ ನೋಡಿದಳು. “ಆ ಹೊಗಿ ಮಾರಿಯವನ ಸಲುವಾಗಿ ನಾ ಯಾಕ ಸುಳ್ಳ ಹೇಳ್ಲಿ ಅಕ್ಕಾ? ನಾ ಹೇಳಿದ್ದು ನಿಮ್ಮ ಸಲುವಾಗಿ!”

“ನನಗಾ?”

“ಆ ಅಣ್ಣು ನಿಮ್ಮ ಕೋಲಿ ಬಿಡಸ್ತೀನಿ ಅಂದಿದ್ದ. ಪೋಲೀಸ್ರು ಮೊದಲ ನಿಮ್ಮನ್ನ ಕೇಳ್ತಾರ ಅಂತ ನನಗ ಅನಿಸ್ತು. ಒಬ್ಬಾಕಿ ಮಲಗಿದ್ದೆ ಅಂದ್ರ ಯಾರ ನಂಬ್ತಾರ? ಅದಕ್ಕ ಆಟದಾಗ ಕುಂದರ್ಸಿದೆ. ಎದುರಿಗೆ ಒಬ್ರು ಬೇಕಲ್ಲ ಅಂತ ಶೇಖರನ ಹೆಸರ ಬಾಯಿಗೆ ಬಂತು. ಅಷ್ಟ.” ಆಕೆ ರಾಜೀವಿಯ ಹತ್ತಿರಕ್ಕೆ ಸರಿದಳು. “ಈ ಊರಿಗೆ ಬಂದಾಗ ನನಗ ಒಂದ ಮಾತ ಬರ್ತಿರಲಿಲ್ಲ. ಹೊಟ್ಟ್ಯಾಗ ಕೂಸು, ಗಂಡ ರಾತ್ರಿಪಾಳಿ. ಬ್ಯಾನಿ ಹತ್ತಿದಾಗ ಗ್ವಾಡಿ ಬಡದೆ. ನೀವು ಓಡಿ ಬಂದ್ರಿ. ಹಡದವ್ವನೂ ಹಂಗ ಮಾಡೂದಿಲ್ಲ ಅಕ್ಕಾ. ನನ್ನ ಮಗಳಿಗೆ ನಿಮ್ಮ ಹೆಸರ ಯಾಕ ಇಟ್ಟೀನಿ? ಕರದಾಗೊಮ್ಮೆ ನಿಮ್ಮ ಉಪಕಾರ ನೆನಪಾಗ್ಲಿ ಅಂತ.”

ರಾಜೀವಿಯ ಕಣ್ಣಲ್ಲಿ ನೀರು ನಿಂತಿತು. ಸಿದ್ದಲಿಂಗಪ್ಪನವರು ಕಿಟಕಿಯ ಕಡೆಗೆ ನೋಡಿದರು. ಈ ಕೋಣೆಯಲ್ಲಿ ಕುಳಿತ ಮೂವರೂ ಒಬ್ಬರಲ್ಲ ಒಬ್ಬರ ಕೈಯಿಂದ ಬದುಕಿದವರು. ಇಂಥ ಸುಳ್ಳನ್ನು ಅವರು ತಮ್ಮ ಸೇವೆಯ ಕಾಲದಲ್ಲೆಲ್ಲೂ ಕಂಡಿರಲಿಲ್ಲ. ಇದರಲ್ಲಿ ದುರಾಶೆಯ ಒಂದು ಎಳೆಯೂ ಇರಲಿಲ್ಲ. ಮುರಿಯಲು ಮನಸ್ಸೇ ಬಾರದು. ಆದರೆ ಮುರಿಯಬೇಕಾಗಿತ್ತು, ಏಕೆಂದರೆ ಇನ್ನೊಂದು ಪ್ರಶ್ನೆ ಉಳಿದಿತ್ತು.

“ತಂಗಿ,” ಎಂದರು ಅವರು. “ಅಕ್ಕ ಒಳಗ ಮಲಗಿದ್ರು. ಮಣಿ ಅಟ್ಟದ ಮ್ಯಾಲಿತ್ತು. ಹರಳಿನ ಸಪ್ಪಳ ಇರಲಿಲ್ಲ. ಬಾಗಿಲದಾಗ ಕುಂತು ಕೇಳಿದೆ ಅಂತ ನೀವು ಹೇಳಿದ್ದು, ಅದೂ ಸುಳ್ಳ ಆತಲ್ಲ?”

ಮಲ್ಲವ್ವ ತಟ್ಟೆಯನ್ನು ದೂರ ಸರಿಸಿದಳು.

“ಬಾಗಿಲದಾಗ ಇರಲಿಲ್ಲ ಅಂದ್ರ, ನೀವು ಎಲ್ಲಿದ್ರಿ?”

ರಾಜೀವಿಯ ಕೈ ಮಲ್ಲವ್ವನ ಮೊಣಕೈಯ ಮೇಲೆಯೇ ಇತ್ತು. ಮಲ್ಲವ್ವ ಆ ಕೈಯನ್ನು ಬಿಗಿಯಾಗಿ ಹಿಡಿದುಕೊಂಡಳು.

ಅಕ್ಕನಿಗೆಂದು ಹೆಣೆದ ನೆಪ ಹೆಣೆದವಳನ್ನೂ ಮುಚ್ಚಿತ್ತು. ಆಟವಾಡಿದವರ ಮೇಲೆ ಎಲ್ಲರ ಕಣ್ಣು. ಸದ್ದು ಕೇಳುತ್ತ ಕುಳಿತವಳು ನಿಜವಾಗಿ ಕುಳಿತಿದ್ದಳೇ ಎಂದು ಯಾರೂ ಕೇಳಿರಲಿಲ್ಲ.

ಹೊರಗೆ ಮೊಗಸಾಲೆಯ ಕಟಾಂಜನದ ಉದ್ದಕ್ಕೂ ಬೂಟಿನ ಸದ್ದು ಕೇಳಿಸಿತು. ಮಲ್ಲವ್ವನಿಗೆ ಅದು ಕೇಳಿಸಲಿಲ್ಲ. ಆಕೆ ಸಿದ್ದಲಿಂಗಪ್ಪನವರನ್ನು ನೋಡುತ್ತಿರಲಿಲ್ಲ, ರಾಜೀವಿಯನ್ನೇ ನೋಡುತ್ತಿದ್ದಳು.

“ಅಕ್ಕಾ, ಅಂವಾ ನಿಮ್ಮನ್ನ ಬೀದಿಗೆ ಹಾಕ್ತೀನಿ ಅಂದ. ನಾ ಬ್ಯಾಡಪ್ಪಾ ಅಂತ ಕೈ ಮುಗಿಯಾಕ ಹೋಗಿದ್ದೆ. ನಾ ಜಿನಾದ ಮ್ಯಾಲೆ ಇದ್ದೆ. ಅಣ್ಣು...”

“ಜಿನಾ?”

ಬಾಗಿಲಲ್ಲಿ ಇನ್ಸ್‌ಪೆಕ್ಟರರು ನಿಂತಿದ್ದರು. ಅವರ ಹಿಂದೆ ಪೇದೆಯ ಜೊತೆಗೆ ಶೇಖರ.

ಇನ್ಸ್‌ಪೆಕ್ಟರರಿಗೆ ಕನ್ನಡ ಬಾರದು. ಆದರೆ ಮುಂಬಯಿಯ ಚಾಳುಗಳಲ್ಲಿ ಮೆಟ್ಟಿಲಿಗೆ ಎಲ್ಲ ಭಾಷೆಯವರೂ ಹೇಳುವುದು ಮರಾಠಿಯ ಜಿನಾ ಎಂಬ ಮಾತನ್ನೇ. ಆ ಒಂದು ಮಾತೂ, ಅದರ ಬೆನ್ನಿಗೆ ಬಂದ ಅಣ್ಣುವಿನ ಹೆಸರೂ ಅವರಿಗೆ ಸಾಕಾಗಿದ್ದವು.

“ಜಿನ್ಯಾವರ ಕೋಣ್ ಹೋತಂ?” ಎಂದರು ಅವರು. ಮೆಟ್ಟಿಲ ಮೇಲೆ ಯಾರಿದ್ದರು? ಮಲ್ಲವ್ವನ ಕಡೆ ಬೆರಳು ಮಾಡಿ, ಸಿದ್ದಲಿಂಗಪ್ಪನವರತ್ತ ತಿರುಗಿದರು. “ಈ ಹೆಂಗಸು ಏನು ಹೇಳಿದಳು? ಅವಳ ಮಾತನ್ನು ಇದ್ದಹಾಗೆಯೇ ಹೇಳಿ, ಸಾಹೇಬರೇ. ನಿಮ್ಮ ನಾಲಗೆಯ ಮೇಲೆ ನನಗೆ ನಂಬಿಕೆಯಿದೆ.”

ಸಿದ್ದಲಿಂಗಪ್ಪನವರು ಬಾಯಿ ತೆರೆದರು. ಅವರು ಸುಳ್ಳು ಹೇಳುವವರಲ್ಲ. ರಾಜೀವಿಗೆ ಅದು ಎಲ್ಲರಿಗಿಂತ ಚೆನ್ನಾಗಿ ಗೊತ್ತಿತ್ತು.

ಆಕೆ ಗೋಡೆಯ ಆಧಾರ ಹಿಡಿದು ಎದ್ದು ನಿಂತಳು. ಮುಂಬಯಿಯಲ್ಲಿ ಬಾಳಿದ ಹೆಂಗಸು. ಮುರುಕಾದರೂ ಹಿಂದಿ ಆಕೆಯ ಸ್ವಂತದ್ದಾಗಿತ್ತು. ಆ ಹಿಂದಿಯಲ್ಲಿಯೇ, ತರ್ಜುಮೆಯ ಹಂಗಿಲ್ಲದೆ, ನೇರವಾಗಿ ಹೇಳಿದಳು.

“ಅವಳಿಗೆ ಗಾಬರಿ, ಸಾಬ್. ಏನೋ ಹೇಳ್ತಾಳೆ. ಮಲ್ಲವ್ವ ಮೆಟ್ಟಿಲ ಮೇಲೆ ಇರಲಿಲ್ಲ. ಇಲ್ಲಿದ್ದಳು, ನನ್ನ ಹತ್ತಿರ. ಚೆನ್ನೆ ಆಡ್ತಿದ್ದಳು.”

“ಅಕ್ಕಾ!” ಎಂದಳು ಮಲ್ಲವ್ವ.

ರಾಜೀವಿ ಆಕೆಯ ಹೆಗಲನ್ನು ಒತ್ತಿ ಕೂರಿಸಿದಳು.

ಇನ್ಸ್‌ಪೆಕ್ಟರರು ಕಣ್ಣು ಕಿರಿದು ಮಾಡಿದರು. “ಆ ದಿನ ಇವಳು ಹೊರಗೆ ಕುಳಿತಿದ್ದಳು ಎಂದಿರಲ್ಲ? ಒಳಗೆ ಶೇಖರ ಇದ್ದ ಎಂದಿರಿ.”

“ಇವಳು ಹೇಳಿದಳು, ನಾನು ತಲೆ ಅಲ್ಲಾಡಿಸಿದೆ. ನನ್ನ ಬಾಯಿಂದ ಹೇಳಿದ್ದು ಇವತ್ತೇ.”

“ಒಳ್ಳೆಯದು. ಹಾಗಾದರೆ ಮೂರು ಜನ ಆಡುತ್ತಿದ್ದಿರೋ?”

ಕೋಣೆಯಲ್ಲಿದ್ದವರೆಲ್ಲರ ಕಣ್ಣೂ ಆಕೆಯ ಮೇಲೆ ನೆಟ್ಟವು. ಸಿದ್ದಲಿಂಗಪ್ಪನವರಿಗೆ ಆಗ ಅರ್ಥವಾಯಿತು. ಮಣೆಯ ಈ ಕಡೆ ಒಂದು ಸಾಲು ಕುಳಿ, ಆ ಕಡೆ ಒಂದು ಸಾಲು. ಎದುರ ಸಾಲಿಗೆ ಒಬ್ಬರೇ ಕೂರಬಲ್ಲರು. ರಾಜೀವಿಯ ಬಳಿ ಕೊಡಲು ಇದ್ದುದು ಒಂದೇ ಜಾಗ. ಅದರಲ್ಲಿ ಕೂರಿಸಿ ಉಳಿಸಿಕೊಳ್ಳಬೇಕಾದವರು ಇಬ್ಬರು. ಗಂಡನ ಮುಖವನ್ನು ಕೊನೆಗೊಮ್ಮೆ ತೋರಿಸಿದವನು ಒಬ್ಬ. ತನಗಾಗಿ ಕೈಮುಗಿಯಲು ಹೋಗಿ, ಏನನ್ನೋ ಮಾಡಿಕೊಂಡು ಬಂದ, ಎಳೆಯ ಮಗುವಿನ ತಾಯಿ ಇನ್ನೊಬ್ಬಳು.

“ಚೆನ್ನೆ ಇಬ್ಬರ ಆಟ, ಸಾಬ್,” ಎಂದಳು ರಾಜೀವಿ.

“ಅಂದರೆ ನಿಮ್ಮ ಎದುರು ಕುಳಿತಿದ್ದವರು ಯಾರು? ಒಂದೇ ಹೆಸರು ಹೇಳಿ.”

ಆಕೆ ಬಾಗಿಲ ಕಡೆ ನೋಡಿದಳು. ಶೇಖರ ತಲೆ ತಗ್ಗಿಸಿ ನಿಂತಿದ್ದ. ಕುತ್ತಿಗೆಯ ಮೇಲೆ, ಅಂಗಿಯ ಅಂಚಿನಿಂದ ಹಳೆಯ ಸುಟ್ಟಗಾಯದ ತುದಿ ಕಾಣುತ್ತಿತ್ತು. ಆಕೆ ಅದನ್ನು ಬಹಳ ಹೊತ್ತು ನೋಡಿದಳು; ಒಂದು ದೇಗುಲದ ಹೊಸ್ತಿಲನ್ನು ನೋಡುವಂತೆ. ಬಳಿಕ ಕಣ್ಣು ಮುಚ್ಚಿಕೊಂಡಳು.

“ಮಲ್ಲವ್ವ,” ಎಂದಳು.

“ಮತ್ತೆ ಶೇಖರ?”

“ಇರಲಿಲ್ಲ. ಅವನು ಇಲ್ಲಿ ಇರಲೇ ಇಲ್ಲ.”

ಹಿಂದಿಯಲ್ಲಿ ಆಡಿದ ಆ ಮಾತು ಅಲ್ಲಿದ್ದವರೆಲ್ಲರಿಗೂ ತಿಳಿಯಿತು. ಮಲ್ಲವ್ವ ಬಾಯಿಗೆ ಸೆರಗು ಒತ್ತಿಕೊಂಡಳು. ಇನ್ಸ್‌ಪೆಕ್ಟರರು ಪೇದೆಗೆ ಸನ್ನೆ ಮಾಡಿದರು. ಪೇದೆಯ ಕೈ ಶೇಖರನ ರಟ್ಟೆಯ ಮೇಲೆ ಬಿಗಿಯಾಯಿತು.

ಇನ್ನು ತಡೆಯುವುದು ಸಲ್ಲದೆಂದು ಸಿದ್ದಲಿಂಗಪ್ಪನವರು ಎದ್ದರು. ಆ ದಿನ ಈ ಕೋಣೆಯಲ್ಲಿ ಯಾರೂ ಆಡಲಿಲ್ಲ. ಈ ಆಟದ ನೆರಳಿನಲ್ಲಿ ಯಾರೂ ನಿಲ್ಲುವುದು ಬೇಡ. ಅಕ್ಕನ ಮಾತು ಸುಳ್ಳೆಂದು ಹೇಳುವ ಪಾಪ ತಮಗಿರಲಿ. ನಿರಪರಾಧಿಯೊಬ್ಬ ಬಲಿಯಾಗುವುದು ಬೇಡ. ಮರಾಠಿಯ ಮೊದಲ ಶಬ್ದ ಅವರ ನಾಲಗೆಯ ತುದಿಗೆ ಬಂದಿತ್ತು.

ಅಷ್ಟರಲ್ಲಿ ಶೇಖರ ತಲೆಯೆತ್ತಿದನು.

ಅವನ ಮುಖದಲ್ಲಿ ರೋಷವಿರುವುದೆಂದು ಸಿದ್ದಲಿಂಗಪ್ಪನವರು ಎಣಿಸಿದ್ದರು. ಇಲ್ಲವೇ ದಿಗ್ಭ್ರಮೆ, ಇಲ್ಲವೇ ಹೊತ್ತು ತಂದ ಹೆಗಲಿಗೆ ಸಿಕ್ಕ ಪ್ರತಿಫಲವಿದೇನು ಎಂಬ ನೋವು. ಯಾವುದೂ ಇರಲಿಲ್ಲ. ಎಷ್ಟೋ ದಿನಗಳಿಂದ ಉಸಿರು ಹಿಡಿದಿದ್ದವನು ಅದನ್ನು ಬಿಟ್ಟಂತೆ ಅವನ ಎದೆ ಇಳಿಯಿತು. ಪೇದೆಯ ಹಿಡಿತದಿಂದ ಒಂದು ಕೈಯನ್ನು ಬಿಡಿಸಿಕೊಂಡು, ಎರಡನ್ನೂ ಜೋಡಿಸಿ, ಹಣೆಗೆ ಮುಟ್ಟಿಸಿದನು.

“ನಿಮ್ಮ ಉಪಕಾರ ದೊಡ್ಡದು, ಅಕ್ಕ,” ಎಂದನು. “ಅವಳ ಹೆಸರನ್ನೇ ನೀವು ಹೇಳಬೇಕು ಅಂತ ನಾನು ದೇವರಲ್ಲಿ ಬೇಡಿಕೊಳ್ತಾ ಬಂದೆ.”

ಹಾಗೆ ಹೇಳುವಾಗ ಅವನ ಕಣ್ಣು ರಾಜೀವಿಯ ಮೇಲಿರಲಿಲ್ಲ. ದಿನವೂ ಹೊಗೆಗಾಗಿ ತನ್ನೊಡನೆ ಜಗಳವಾಡುತ್ತಿದ್ದ ಮಲ್ಲವ್ವನ ಮೇಲಿತ್ತು. ಅವಳು ಅಂದು ಮೆಟ್ಟಿಲ ಮೇಲಿದ್ದುದು ಅವನಿಗೆ ಮೊದಲೇ ಗೊತ್ತಿತ್ತೆಂದೂ, ಆ ಜಗಳ ಜನರ ಕಣ್ಣಿಗೆ ಮಾತ್ರವೆಂದೂ ಸಿದ್ದಲಿಂಗಪ್ಪನವರಿಗೆ ಹೊಳೆಯಿತು. ಮಲ್ಲವ್ವನಾದರೋ, ಅವನನ್ನು ಎಂದೂ ಕಂಡೇ ಇಲ್ಲವೆಂಬಂತೆ, ಗೋಡೆಯ ಕಡೆಗೆ ಮುಖ ತಿರುಗಿಸಿಕೊಂಡಿದ್ದಳು.